ಒಡೆಯದ ಲಕೋಟೆ

ಹೆಂಗಸರ ಬಾಯಲ್ಲಿ ಗುಟ್ಟು ನಿಲ್ಲುವುದಿಲ್ಲ ಎಂಬ ಮಾತನ್ನು ಕೇಳಿಕೊಂಡೇ ನಾವೆಲ್ಲ ಬೆಳೆದವರು. ಅದಕ್ಕೆ ಧರ್ಮರಾಯನ ಶಾಪವನ್ನೇ ಆಧಾರವಾಗಿ ತೋರಿಸುವವರೂ ಇದ್ದಾರೆ. ಕರ್ಣ ತನ್ನ ಮಗನೆಂಬುದನ್ನು ಕುಂತಿ ಯುದ್ಧ ಮುಗಿದ ಮೇಲೆ ಹೇಳಿದಾಗ, ಇನ್ನು ಮುಂದೆ ಹೆಂಗಸರಲ್ಲಿ ಗುಟ್ಟು ನಿಲ್ಲದೆ ಹೋಗಲಿ ಎಂದು ಧರ್ಮರಾಯ ಶಪಿಸಿದನಂತೆ. ಅಷ್ಟು ವರ್ಷ ಒಡಲಲ್ಲಿ ಬೆಂಕಿ ಕಟ್ಟಿಕೊಂಡು ಬಾಯಿ ಬಿಡದೆ ಬದುಕಿದ ಹೆಂಗಸಿನಿಂದಾಗಿ ನಮಗೆಲ್ಲ ಸಿಕ್ಕ ಬಿರುದು ಇದು!

ಇದೇ ನಾಡಿನ ಇನ್ನೊಂದು ಹಳೆಯ ಗ್ರಂಥ ಮಾತ್ರ ಬೇರೆಯೇ ಹೇಳುತ್ತದೆ. ವಾತ್ಸ್ಯಾಯನ ತನ್ನ ಕಾಮಸೂತ್ರದಲ್ಲಿ ಹೆಣ್ಣು ಕಲಿಯಬೇಕಾದ ಅರವತ್ತನಾಲ್ಕು ಕಲೆಗಳ ಪಟ್ಟಿ ಕೊಟ್ಟಿದ್ದಾನೆ. ಪುಸ್ತಕದ ಹೆಸರು ಕೇಳಿ ಸೆರಗು ಸರಿಮಾಡಿಕೊಳ್ಳಬೇಡಿ. ಆ ಪಟ್ಟಿಯಲ್ಲಿರುವುದು ಹಾಡು, ಹೂಮಾಲೆ, ಅಡುಗೆ, ಒಗಟು ಇಂಥವೇ. ಅವುಗಳ ನಡುವೆ ‘ಮ್ಲೇಚ್ಛಿತ ವಿಕಲ್ಪ’ ಎಂಬುದೊಂದಿದೆ. ಬರೆದದ್ದು ಬೇರೆಯವರಿಗೆ ಅರ್ಥವಾಗದಂತೆ ಬರೆಯುವ ವಿದ್ಯೆ. ಆ ಗ್ರಂಥಕ್ಕೆ ವ್ಯಾಖ್ಯಾನ ಬರೆದ ಯಶೋಧರ, ಅಕ್ಷರಗಳನ್ನು ಜೋಡಿ ಮಾಡಿ ಒಂದರ ಜಾಗದಲ್ಲಿ ಇನ್ನೊಂದನ್ನು ಬರೆಯುವ ಕ್ರಮಗಳನ್ನೂ ವಿವರಿಸಿದ್ದಾನೆ. ಅಂದರೆ ಗುಟ್ಟು ಕಾಯುವುದು ಹೆಣ್ಣಿಗೆ ಬಾರದ ಗುಣವಲ್ಲ, ಅವಳು ಕಲಿಯಬೇಕಾದ ಕಲೆ.

ನಾನು ಹೈಸ್ಕೂಲಿನಲ್ಲಿ ಸಮಾಜ ವಿಜ್ಞಾನ ಪಾಠ ಮಾಡುವವಳು. ಎಂಟನೇ ತರಗತಿಯ ಹಿಂದಿನ ಬೆಂಚಿನಲ್ಲಿ ಹುಡುಗಿಯರು ‘ಕ’ ಭಾಷೆ ಮಾತಾಡಿಕೊಳ್ಳುವುದನ್ನು ಎಷ್ಟೋ ಸಲ ಕೇಳಿದ್ದೇನೆ. ‘ನೀನು ಬಾ’ ಎನ್ನಲು ‘ಕನೀ ಕನು ಕಬಾ’. ನಾವೂ ಹಾಗೆ ಆಡಿದವರೇ, ಹಾಗಾಗಿ ಕೇಳಿಸಿಯೂ ಕೇಳಿಸದಂತೆ ಪಾಠ ಮುಂದುವರಿಸುತ್ತೇನೆ. ಈ ಆಟದಲ್ಲಿ ಒಂದು ದೊಡ್ಡ ಲೋಪವಿದೆ ನೋಡಿ. ಉಪಾಯ ಗೊತ್ತಾದರೆ ಗುಟ್ಟೇ ಹೋಯಿತು. ರೋಮಿನ ಜೂಲಿಯಸ್ ಸೀಸರ್ ತನ್ನ ಪತ್ರಗಳಲ್ಲಿ ಪ್ರತಿ ಅಕ್ಷರಕ್ಕೂ ಅದರಿಂದ ಮೂರು ಮನೆ ಮುಂದಿನ ಅಕ್ಷರವನ್ನು ಬರೆಯುತ್ತಿದ್ದನಂತೆ. ಅದೂ ಇದೇ ‘ಕ’ ಭಾಷೆಯ ಜಾತಿಯದು. ಒಂಬತ್ತನೇ ಶತಮಾನದಲ್ಲಿ ಬಾಗ್ದಾದಿನ ಅಲ್ ಕಿಂದಿ ಎಂಬ ಪಂಡಿತ ಇಂಥ ಬರಹಗಳನ್ನು ಬಿಡಿಸುವ ದಾರಿಯನ್ನೇ ಬರೆದಿಟ್ಟ. ಯಾವ ಭಾಷೆಯಲ್ಲೇ ಆಗಲಿ ಕೆಲವು ಅಕ್ಷರಗಳು ಪದೇ ಪದೇ ಬರುತ್ತವೆ. ಗುಟ್ಟಿನ ಬರಹದಲ್ಲಿ ಅತಿ ಹೆಚ್ಚು ಸಲ ಬಂದ ಗುರುತು ಯಾವುದೆಂದು ಎಣಿಸಿದರೆ ಬೀಗ ತಾನಾಗಿ ಸಡಿಲವಾಗುತ್ತದೆ.

ಈ ಎಣಿಕೆಯ ವಿದ್ಯೆಗೆ ಒಬ್ಬ ರಾಣಿಯ ತಲೆಯೇ ಹೋಯಿತು. ಸ್ಕಾಟ್ಲೆಂಡಿನ ರಾಣಿ ಮೇರಿ ತನ್ನ ನಾಡು ಬಿಟ್ಟು ಇಂಗ್ಲೆಂಡಿಗೆ ಬಂದದ್ದು 1568ರಲ್ಲಿ. ಆಶ್ರಯ ಬೇಡಿ ಬಂದವಳನ್ನು ಅವಳ ಬಂಧುವೇ ಆದ ಎಲಿಜಬೆತ್ ರಾಣಿ ಹದಿನೆಂಟು ವರ್ಷಕ್ಕೂ ಮೇಲೆ ಸೆರೆಯಲ್ಲಿಟ್ಟಳು. 1586ರಲ್ಲಿ ಮೇರಿಗೂ ಹೊರಗಿನ ಬ್ಯಾಬಿಂಗ್ಟನ್ ಎಂಬ ತರುಣನಿಗೂ ಪತ್ರ ವ್ಯವಹಾರ ಶುರುವಾಯಿತು. ಕೋಟೆಗೆ ಬರುವ ಬಿಯರ್ ಪೀಪಾಯಿಯೊಳಗೆ ಪತ್ರ ಅಡಗಿಸಿಡುವ ಏರ್ಪಾಡು. ಪತ್ರದಲ್ಲಿ ಅಕ್ಷರಗಳ ಬದಲು ವಿಚಿತ್ರ ಗುರುತುಗಳು. ಅವಳ ದುರದೃಷ್ಟಕ್ಕೆ, ಪತ್ರ ಸಾಗಿಸುವವನೇ ಎಲಿಜಬೆತ್ತಳ ಮಂತ್ರಿ ವಾಲ್ಸಿಂಗ್‌ಹ್ಯಾಮನ ಕಡೆಯವನಾಗಿದ್ದ. ಪ್ರತಿ ಪತ್ರವೂ ಮೊದಲು ಫಿಲಿಪ್ಸ್ ಎಂಬ ಲಿಪಿಕಾರನ ಮೇಜಿಗೆ ಹೋಗುತ್ತಿತ್ತು. ಅವನು ಬಿಡಿಸಿ ಓದಿ, ನಕಲು ಮಾಡಿಕೊಂಡು, ಮೊದಲಿನಂತೆಯೇ ಮುಚ್ಚಿ ಕಳಿಸುತ್ತಿದ್ದ. ಕೊನೆಗೆ ಮೇರಿಯ ಒಂದು ಪತ್ರಕ್ಕೆ ಅವಳದೇ ಗುರುತುಗಳಲ್ಲಿ ಒಂದು ಅಡಿಬರಹವನ್ನೂ ಸೇರಿಸಿದ. ಸಂಚಿನಲ್ಲಿರುವ ಆರು ಮಂದಿಯ ಹೆಸರು ತಿಳಿಸು ಎಂದು ಅದರಲ್ಲಿ ಕೇಳಲಾಗಿತ್ತು. 1587ರ ಫೆಬ್ರುವರಿ 8ರಂದು ಮೇರಿಯ ಶಿರಚ್ಛೇದವಾಯಿತು. ಆಗ ಅವಳಿಗೆ 44 ವರ್ಷ.

ಈ ಪ್ರಸಂಗವನ್ನು ನಾನು ಮತ್ತೆ ಮತ್ತೆ ನೆನೆಯುತ್ತೇನೆ. ಮೇರಿ ನಂಬಿಕೊಂಡ ಬೀಗ ಮೂರು ಕಡೆ ಕೈಕೊಟ್ಟಿತ್ತು. ಬೇರೆಯವರು ಓದಿದರು. ಬೇರೆಯವರು ತಿದ್ದಿದರು. ಪತ್ರ ನಿಜವಾಗಿ ಯಾರ ಕೈಯಿಂದ ಬರುತ್ತಿದೆ ಎಂಬುದೇ ಎರಡೂ ಕಡೆಯವರಿಗೆ ತಿಳಿಯಲಿಲ್ಲ. ಇಂದು ನಮ್ಮ ಮೊಬೈಲಿನಿಂದ ಬ್ಯಾಂಕಿಗೆ ಹೋಗುವ ಸಂದೇಶವನ್ನು ಕಾಯುವ ಏರ್ಪಾಡು ಮಾಡಬೇಕಾದ ಕೆಲಸವೂ ಈ ಮೂರೇ: ನಡುವಿನವರಿಗೆ ಓದಲಾಗಬಾರದು, ತಿದ್ದಲಾಗಬಾರದು, ಆಚೆ ತುದಿಯಲ್ಲಿರುವವರು ನಾವು ಅಂದುಕೊಂಡವರೇ ಆಗಿರಬೇಕು.

ರಾಣಿಯ ಮಾತಿರಲಿ, ನಮ್ಮಂಥವರ ಪತ್ರಗಳ ಗತಿ ಏನಿತ್ತು? ನಾನು ಬಿ.ಎ. ಓದುವಾಗ ಇದ್ದ ಹಾಸ್ಟೆಲಿನಲ್ಲಿ ಹುಡುಗಿಯರಿಗೆ ಬಂದ ಪತ್ರಗಳನ್ನೆಲ್ಲ ವಾರ್ಡನ್ ಒಡೆದು ಓದಿಯೇ ಕೊಡುತ್ತಿದ್ದರು. ಇನ್‌ಲ್ಯಾಂಡ್ ಲೆಟರಿನ ಅಂಚು ಹರಿದಿರುತ್ತಿತ್ತು. ಅಮ್ಮ ತನ್ನ ಮಂಡಿನೋವು, ಅಣ್ಣನ ಸಾಲ, ಚಿಕ್ಕಮ್ಮನ ಮುನಿಸು ಎಲ್ಲವನ್ನೂ ಬರೆಯುತ್ತಿದ್ದಳು. ಅದನ್ನು ನನಗಿಂತ ಮೊದಲು ಇನ್ನೊಬ್ಬರು ಓದಿದ್ದಾರೆ ಎನ್ನುವಾಗ ಮೈಮೇಲೆ ಯಾರೋ ಕೈಯಾಡಿಸಿದಂತೆ ಆಗುತ್ತಿತ್ತು. ಮದುವೆಯಾಗಿ ಕೂಡುಕುಟುಂಬಕ್ಕೆ ಹೋದ ಗೆಳತಿಯರ ಕಥೆಯೂ ಅದೇ. ಪೋಸ್ಟ್‌ಮ್ಯಾನ್ ಕೊಟ್ಟ ಪತ್ರ ಮಾವನವರ ಕೈಗೆ, ಅಲ್ಲಿಂದ ಅತ್ತೆಯವರ ಕಿವಿಗೆ, ಆಮೇಲೆ ಸೊಸೆಗೆ. ಮುಚ್ಚುಮರೆಯ ವಿಷಯ ಏನೂ ಇರುತ್ತಿರಲಿಲ್ಲ ನಿಜ. ಆದರೆ ಇಲ್ಲದ್ದಕ್ಕೆ ಬಾಗಿಲು ಬೇಡವೇ? ಬಚ್ಚಲಿಗೆ ಅಗುಳಿ ಹಾಕಿಕೊಳ್ಳುವವರೆಲ್ಲ ಕಳ್ಳರೇ?

ಕಂಪ್ಯೂಟರ್ ಜಾಲದಲ್ಲಿ ಹೋಗುವ ಸಂದೇಶ ತನ್ನಷ್ಟಕ್ಕೆ ಇನ್‌ಲ್ಯಾಂಡ್ ಲೆಟರೂ ಅಲ್ಲ, ಬರೀ ಪೋಸ್ಟ್ ಕಾರ್ಡು. ಟವರಿನಿಂದ ಕಂಪನಿಯ ಯಂತ್ರಕ್ಕೆ, ಅಲ್ಲಿಂದ ಇನ್ನೊಂದು ಊರಿನ ಯಂತ್ರಕ್ಕೆ, ಕೆಲವೊಮ್ಮೆ ಸಮುದ್ರದಡಿಯ ಕೇಬಲ್ಲಿಗೆ, ಹೀಗೆ ಹತ್ತಾರು ಕೈ ದಾಟಿ ಹೋಗುತ್ತದೆ. ಪ್ರತಿ ಕೈಯೂ ಓದಬಹುದು. ಅದಕ್ಕೆ ಲಕೋಟೆ ಹೊದಿಸಿದ ಕಥೆ ಹತ್ತೊಂಬತ್ತನೇ ಶತಮಾನದ ಒಬ್ಬ ಮೇಷ್ಟರಿಂದ ಶುರುವಾಗುತ್ತದೆ.

ಅವರ ಹೆಸರು ಕೆರ್ಕ್‌ಹಾಫ್ಸ್. ಡಚ್ ಮೂಲದವರು, ಪ್ಯಾರಿಸಿನಲ್ಲಿ ಭಾಷೆ ಕಲಿಸುತ್ತಿದ್ದರು. 1883ರಲ್ಲಿ ಅವರೊಂದು ಮಾತು ಬರೆದರು: ಗುಪ್ತಲಿಪಿಯ ಉಪಾಯ ಶತ್ರುವಿಗೆ ಗೊತ್ತಾದರೂ ಅಪಾಯವಾಗಬಾರದು, ಗುಟ್ಟಾಗಿರಬೇಕಾದದ್ದು ಬೀಗದಕೈ ಒಂದೇ. ಗೋದ್ರೆಜ್ ಬೀಗದ ಒಳಗೆ ಏನೇನಿದೆ ಎಂದು ಯಾವ ಬೀಗ ರಿಪೇರಿಯವನಿಗೂ ಗೊತ್ತು. ಆದರೂ ನಾವು ನಂಬುತ್ತೇವಲ್ಲ, ಏಕೆಂದರೆ ನಮ್ಮ ಬೀಗದಕೈ ನಮ್ಮ ಸೆರಗಿನ ತುದಿಯಲ್ಲಿದೆ.

ಬೀಗದಕೈ ಎಂದೊಡನೆ ಹೊಸ ತೊಂದರೆ ಎದುರಾಯಿತು. ದೂರದಲ್ಲಿರುವವರಿಗೆ ಅದನ್ನು ತಲುಪಿಸುವುದು ಹೇಗೆ? ಎರಡನೇ ಮಹಾಯುದ್ಧದಲ್ಲಿ ಜರ್ಮನ್ನರ ಎನಿಗ್ಮಾ ಯಂತ್ರದ ಕೀಲಿ ದಿನದಿನಕ್ಕೆ ಬದಲಾಗುತ್ತಿತ್ತು. ಆ ಕೀಲಿಗಳ ಪುಸ್ತಕವನ್ನು ಮುದ್ರಿಸಿ ಪ್ರತಿ ಹಡಗಿಗೂ ಮೊದಲೇ ಕೊಟ್ಟಿರಬೇಕಿತ್ತು. 1941ರಲ್ಲಿ ಒಂದು ಜಲಾಂತರ್ಗಾಮಿ ಸಿಕ್ಕಿಬಿದ್ದಾಗ ಪುಸ್ತಕಗಳೂ ಬ್ರಿಟಿಷರ ಕೈಸೇರಿದವು. ಎನಿಗ್ಮಾ ಬಿಡಿಸುತ್ತಿದ್ದ ಬ್ಲೆಚ್ಲಿ ಪಾರ್ಕಿನಲ್ಲಿ ದುಡಿಯುತ್ತಿದ್ದವರಲ್ಲಿ ಮುಕ್ಕಾಲು ಪಾಲು ಹೆಂಗಸರು. ಯುದ್ಧ ಮುಗಿದು ಮದುವೆಯಾಗಿ ಮಕ್ಕಳಾದ ಮೇಲೂ ಅವರು ಗಂಡಂದಿರಿಗೂ ಬಾಯಿಬಿಡದೆ 1970ರ ದಶಕದವರೆಗೆ ಗುಟ್ಟು ಕಾಪಾಡಿದರು. ಧರ್ಮರಾಯನ ಶಾಪ ಅಲ್ಲಿಗೆ ತಲುಪಿರಲಿಲ್ಲ ಎಂದು ಕಾಣುತ್ತದೆ.

ರಾಜರು, ಸೈನ್ಯದವರು, ದೊಡ್ಡ ಬ್ಯಾಂಕುಗಳು ಬೇಕಾದರೆ ಆಳು ಕಳಿಸಿ ಕೀಲಿ ತಲುಪಿಸಿಯಾರು. ಒಬ್ಬರ ಮುಖ ಒಬ್ಬರು ನೋಡದ ಸಾಮಾನ್ಯರು ಏನು ಮಾಡಬೇಕು? ಎರಡು ಸಾವಿರ ವರ್ಷ ಇದಕ್ಕೆ ಉತ್ತರವೇ ಇರಲಿಲ್ಲ. ಉತ್ತರ ಇರಲಾರದು ಎಂದೇ ಎಲ್ಲರೂ ತಿಳಿದಿದ್ದರು. 1975ರಲ್ಲಿ ಕ್ಯಾಲಿಫೋರ್ನಿಯಾದಲ್ಲಿ ಹಿರಿಯ ವಿಜ್ಞಾನಿಯೊಬ್ಬರ ಮನೆ ನೋಡಿಕೊಂಡಿದ್ದ ವಿಟ್‌ಫೀಲ್ಡ್ ಡಿಫಿ ಎಂಬ ಮನುಷ್ಯ ಇದೇ ಪ್ರಶ್ನೆಯನ್ನು ತಲೆಗೆ ಹಚ್ಚಿಕೊಂಡಿದ್ದ. ಸ್ಟ್ಯಾನ್‌ಫರ್ಡಿನ ಪ್ರೊಫೆಸರ್ ಮಾರ್ಟಿನ್ ಹೆಲ್ಮನ್ ಜೊತೆ ಸೇರಿ 1976ರಲ್ಲಿ ಆತ ಉತ್ತರ ಪ್ರಕಟಿಸಿದ. ಬರ್ಕ್ಲಿಯಲ್ಲಿ ಓದುತ್ತಿದ್ದ ರಾಲ್ಫ್ ಮರ್ಕಲ್ ಎಂಬ ಹುಡುಗನಿಗೂ ಇದೇ ದಿಕ್ಕಿನ ಯೋಚನೆ ಹೊಳೆದಿತ್ತು.

ಉತ್ತರ ಏನೆಂದರೆ, ಇಬ್ಬರು ಅಪರಿಚಿತರು ಹತ್ತು ಜನರ ಎದುರು ಗಟ್ಟಿಯಾಗಿ ಮಾತಾಡಿಯೇ ಒಂದು ಗುಟ್ಟನ್ನು ಹುಟ್ಟಿಸಿಕೊಳ್ಳಬಹುದು. ಓದಿದಾಗ ನನಗೂ ನಂಬಿಕೆ ಬರಲಿಲ್ಲ. ಒಂದು ದಿನ ಸ್ಟಾಫ್ ರೂಮಿನಲ್ಲಿ ನಾನೂ ನಮ್ಮ ಗಣಿತದ ಮೇಡಮ್ಮೂ ಮೇಜಿನ ಎರಡು ತುದಿಯಲ್ಲಿ ಕುಳಿತು ಮಾಡಿಯೇ ನೋಡಿದೆವು. ಮೊದಲು ಎಲ್ಲರಿಗೂ ಕೇಳುವಂತೆ 3 ಮತ್ತು 17 ಎಂಬ ಎರಡು ಸಂಖ್ಯೆ ಹೇಳಿದೆವು. ನಾನು ಮನಸ್ಸಿನಲ್ಲೇ 2 ಎಂದುಕೊಂಡೆ, ಅವರು 4 ಎಂದುಕೊಂಡರು. ನಾನು ಎರಡು ಮೂರುಗಳನ್ನು ಗುಣಿಸಿದೆ, 9 ಬಂತು. ಹದಿನೇಳಕ್ಕಿಂತ ಕಡಿಮೆ, ಆದ್ದರಿಂದ 9 ಎಂದೇ ಹೇಳಿದೆ. ಅವರು ನಾಲ್ಕು ಮೂರುಗಳನ್ನು ಗುಣಿಸಿದರು, 81. ಅದನ್ನು 17ರಿಂದ ಭಾಗಿಸಿ ಉಳಿದ ಶೇಷ 13 ಎಂದು ಹೇಳಿದರು. ಈಗ ಅವರು ಹೇಳಿದ 13ನ್ನು ನಾನು ನನ್ನ ಗುಟ್ಟಿನ ಲೆಕ್ಕದಂತೆ ಎರಡು ಸಲ ಇಟ್ಟು ಗುಣಿಸಿದೆ: 169, ಹದಿನೇಳರಿಂದ ಭಾಗಿಸಿದರೆ ಶೇಷ 16. ಅವರು ನನ್ನ 9ನ್ನು ನಾಲ್ಕು ಸಲ ಇಟ್ಟು ಗುಣಿಸಿದರು: 6561, ಅದರ ಶೇಷವೂ 16! ಹದಿನಾರು ಎಂಬ ಸಂಖ್ಯೆಯನ್ನು ನಾವಿಬ್ಬರೂ ಬಾಯಿಬಿಟ್ಟು ಹೇಳಿರಲಿಲ್ಲ. ಅದೇ ನಮ್ಮ ಬೀಗದಕೈ.

ಚಿಕ್ಕ ಸಂಖ್ಯೆಗಳಾದ್ದರಿಂದ ಕನ್ನಡದ ಮೇಷ್ಟರು ಕಾಗದ ತೆಗೆದುಕೊಂಡು ಐದೇ ನಿಮಿಷದಲ್ಲಿ ನಮ್ಮ ಗುಟ್ಟು ಹಿಡಿದುಬಿಟ್ಟರು. ನಿಜವಾದ ವ್ಯವಹಾರದಲ್ಲಿ ಹದಿನೇಳರ ಜಾಗದಲ್ಲಿ ಆರುನೂರಕ್ಕೂ ಹೆಚ್ಚು ಅಂಕೆಗಳ ಸಂಖ್ಯೆ ಇರುತ್ತದೆ. ಮುಂದಕ್ಕೆ ಗುಣಿಸುವುದು ಸುಲಭ, ಹಿಂದಕ್ಕೆ ಬಿಡಿಸುವುದು ಇಂದಿನ ಕಂಪ್ಯೂಟರುಗಳಿಗೂ ಆಗದು. ಹಾಲಿಗೆ ಹೆಪ್ಪು ಹಾಕಿ ಮೊಸರು ಮಾಡಬಹುದು, ಮೊಸರನ್ನು ಮತ್ತೆ ಹಾಲು ಮಾಡಲಾದೀತೇ?

ಮರುವರ್ಷ, 1977ರಲ್ಲಿ, ರಿವೆಸ್ಟ್, ಶಮೀರ್, ಏಡಲ್‌ಮನ್ ಎಂಬ ಮೂವರು ಇನ್ನೊಂದು ಬಗೆ ಕಂಡುಹಿಡಿದರು. ಇದರಲ್ಲಿ ಪ್ರತಿಯೊಬ್ಬರಿಗೂ ಎರಡು ಕೀಲಿ. ಒಂದು ಊರಿಗೆಲ್ಲ ಹಂಚುವುದು, ಅದರಿಂದ ಬೀಗ ಹಾಕಬಹುದು ಅಷ್ಟೆ. ಇನ್ನೊಂದು ನಮ್ಮಲ್ಲೇ ಇರುವುದು, ತೆಗೆಯಲು ಅದೇ ಬೇಕು. ರಸ್ತೆ ಬದಿಯ ಕೆಂಪು ಅಂಚೆ ಡಬ್ಬಿಯಂತೆ ಎನ್ನಿ: ಪತ್ರ ಹಾಕುವವರು ಯಾರಾದರೂ ಹಾಕಲಿ, ತೆಗೆಯುವವನು ಕೀಲಿ ಇರುವವನೇ. ಎರಡು ದೊಡ್ಡ ಅವಿಭಾಜ್ಯ ಸಂಖ್ಯೆಗಳನ್ನು ಗುಣಿಸುವುದು ಸುಲಭ, ಗುಣಲಬ್ಧದಿಂದ ಅವೆರಡನ್ನು ಹುಡುಕುವುದು ಕಷ್ಟ ಎಂಬುದೇ ಇದರ ತಳಹದಿ. 129 ಅಂಕೆಗಳ ಒಂದು ಸಂಖ್ಯೆ ಕೊಟ್ಟು, ಒಡೆದವರಿಗೆ ನೂರು ಡಾಲರ್ ಬಹುಮಾನ ಎಂದು ಅವರು ಸವಾಲು ಹಾಕಿದರು. ಕೋಟ್ಯಂತರ ವರ್ಷ ಬೇಕೆಂದು ಅಂದಾಜಿತ್ತು. ಹದಿನೇಳೇ ವರ್ಷಕ್ಕೆ, 1994ರಲ್ಲಿ, ಸುಮಾರು ಆರುನೂರು ಜನ ಸ್ವಯಂಸೇವಕರು ತಮ್ಮ ಕಂಪ್ಯೂಟರುಗಳನ್ನು ಒಟ್ಟುಗೂಡಿಸಿ ಅದನ್ನು ಒಡೆದರು. ಅಂದಿನಿಂದ ಸಂಖ್ಯೆಗಳು ಬೆಳೆಯುತ್ತಲೇ ಇವೆ.

ಇಲ್ಲಿಯೇ ಇನ್ನೊಬ್ಬರನ್ನು ನೆನೆಯಬೇಕು. ಬ್ರಿಟಿಷ್ ಸರ್ಕಾರದ ಗುಪ್ತ ಇಲಾಖೆಯಲ್ಲಿದ್ದ ಜೇಮ್ಸ್ ಎಲಿಸ್ ಎಂಬವರಿಗೆ ಇದೇ ಯೋಚನೆ 1970ರಲ್ಲೇ ಹೊಳೆದಿತ್ತು. ಅವರ ಕಿರಿಯ ಸಹೋದ್ಯೋಗಿಗಳಾದ ಕಾಕ್ಸ್ ಮತ್ತು ವಿಲಿಯಮ್ಸನ್ 1973, 74ರಲ್ಲಿ ಅದಕ್ಕೆ ಗಣಿತವನ್ನೂ ಕೂಡಿಸಿದ್ದರು. ಆದರೆ ಇಲಾಖೆಯ ಅಪ್ಪಣೆಯಂತೆ ಎಲ್ಲವೂ ಕಪಾಟಿನೊಳಗೆ ಉಳಿಯಿತು. ಹೊರಗೆ ಬೇರೆಯವರಿಗೆ ಕೀರ್ತಿ ಬಂದದ್ದನ್ನು ಎಲಿಸ್ ಇಪ್ಪತ್ತು ವರ್ಷ ಸುಮ್ಮನೆ ನೋಡಿದರು. ಅವರ ಹೆಸರು ಬಹಿರಂಗವಾದದ್ದು 1997ರ ಡಿಸೆಂಬರಿನಲ್ಲಿ. ಅವರು ತೀರಿಕೊಂಡದ್ದು ಅದರ ಹಿಂದಿನ ತಿಂಗಳು. ಆ ಮನೆಯವರಿಗೆ ಹೇಗಾಗಿರಬೇಡ!

ಈ ಗಣಿತವನ್ನು ನಮ್ಮ ನಿಮ್ಮ ಕೈಗೆ ತಂದದ್ದು ಮಾತ್ರ ವ್ಯಾಪಾರ. ಇಂಟರ್ನೆಟ್ಟಿನಲ್ಲಿ ಹಣ ಕೊಡಬೇಕಾದರೆ ಜನಕ್ಕೆ ಧೈರ್ಯ ಬೇಕಲ್ಲ. ನಮ್ಮ ದೇಶದಲ್ಲಿ 1995ರ ಆಗಸ್ಟ್ 15ರಂದು ಸಾರ್ವಜನಿಕರಿಗೆ ಇಂಟರ್ನೆಟ್ ಬಂತು. ಅದೇ ವರ್ಷ ಅಮೆರಿಕದ ನೆಟ್‌ಸ್ಕೇಪ್ ಕಂಪನಿ ಎಸ್‌ಎಸ್‌ಎಲ್ ಎಂಬ ಪ್ರೋಟೊಕಾಲನ್ನು ತನ್ನ ಬ್ರೌಸರಿನಲ್ಲಿ ಸೇರಿಸಿತು. 1999ರಲ್ಲಿ ಅದು ತಿದ್ದುಪಡಿಯಾಗಿ ಟಿಎಲ್‌ಎಸ್ ಎಂಬ ಹೆಸರು ಪಡೆಯಿತು. 2018ರಲ್ಲಿ ಅದಕ್ಕೆ ಇನ್ನೊಂದು ಹೊಸ ರೂಪ ಬಂತು. ಪ್ರೋಟೊಕಾಲ್ ಎಂದರೆ ಹೆದರಬೇಡಿ. ಹೆಣ್ಣು ನೋಡುವ ಶಾಸ್ತ್ರಕ್ಕೆ ಒಂದು ಕ್ರಮ ಇರುತ್ತದಲ್ಲ, ಮೊದಲು ನೀರು, ಆಮೇಲೆ ಉಪ್ಪಿಟ್ಟು, ಕುಶಲ ಪ್ರಶ್ನೆ, ಕೊನೆಗೆ ವಿಷಯ? ಇದೂ ಹಾಗೆಯೇ.

ನೀವು ಬ್ಯಾಂಕಿನ ಹೆಸರು ಒತ್ತಿದ ಕೂಡಲೆ ಮೊಬೈಲು ಬ್ಯಾಂಕಿನ ಕಂಪ್ಯೂಟರಿಗೆ ನಮಸ್ಕಾರ ಹೇಳಿ, ತನಗೆ ಯಾವ ಯಾವ ಬಗೆಯ ಬೀಗ ಗೊತ್ತು ಎಂದು ತಿಳಿಸುತ್ತದೆ. ಅದು ಒಂದನ್ನು ಆರಿಸಿ, ತಾನು ಯಾರೆಂದು ತೋರಿಸುವ ಸರ್ಟಿಫಿಕೇಟ್ ಕಳಿಸುತ್ತದೆ. ಆ ಸರ್ಟಿಫಿಕೇಟಿಗೆ ಎರಡೂ ಕಡೆಯವರು ಒಪ್ಪುವ ಮೂರನೆಯ ಸಂಸ್ಥೆಯ ರುಜು ಇರುತ್ತದೆ. ‘ಈ ಹುಡುಗ ನಮಗೆ ಗೊತ್ತು’ ಎಂದು ಹಿರಿಯರೊಬ್ಬರು ಹೇಳಿದಂತೆ. ಡಿಫಿ, ಹೆಲ್ಮನ್ ತೋರಿಸಿದ ದಾರಿಯಲ್ಲಿ ಇಬ್ಬರೂ ಸಂಖ್ಯೆಗಳನ್ನು ಬದಲಾಯಿಸಿಕೊಂಡು ಆ ಹೊತ್ತಿಗೆ ಮಾತ್ರ ಬೇಕಾದ ಒಂದು ಕೀಲಿ ಮಾಡಿಕೊಳ್ಳುತ್ತಾರೆ. ಮುಂದಿನ ಮಾತೆಲ್ಲ ಆ ಕೀಲಿಯಿಂದ ಮುಚ್ಚಿದ್ದು. ಪ್ರತಿ ತುಂಡಿಗೂ ಅರಗಿನ ಮುದ್ರೆಯಂತೆ ಒಂದು ಗುರುತು. ದಾರಿಯಲ್ಲಿ ಒಂದು ಅಕ್ಷರ ತಿದ್ದಿದರೂ ಮುದ್ರೆ ಹೊಂದುವುದಿಲ್ಲ. ಮಾತು ಮುಗಿದ ಮೇಲೆ ಕೀಲಿಯನ್ನು ಬಿಸಾಡಿಬಿಡುತ್ತಾರೆ. ಇಷ್ಟೂ ಶಾಸ್ತ್ರ ನೀವು ರೆಪ್ಪೆ ಬಡಿಯುವಷ್ಟರಲ್ಲಿ ಮುಗಿದಿರುತ್ತದೆ. ಮೇರಿ ರಾಣಿಗೆ ಇಲ್ಲದೆ ಹೋದ ಮೂರು ರಕ್ಷಣೆಗಳೂ ಇದರಲ್ಲಿವೆ.

ಬೀಗವನ್ನು ಎಲ್ಲರಿಗೂ ಕೊಡಲು ಸರ್ಕಾರಗಳಿಗೆ ಮನಸ್ಸಿರಲಿಲ್ಲ. ಅಮೆರಿಕ ಮೊದಮೊದಲು ಹೊರದೇಶಗಳಿಗೆ ಬಡಕಲು ಬೀಗವನ್ನಷ್ಟೇ ಕಳಿಸುತ್ತಿತ್ತು. 1995ರಲ್ಲಿ ಫ್ರಾನ್ಸಿನ ಒಬ್ಬ ವಿದ್ಯಾರ್ಥಿ ಸುಮಾರು 120 ಕಂಪ್ಯೂಟರುಗಳನ್ನು ಎಂಟು ದಿನ ಓಡಿಸಿ ಅದನ್ನು ಒಡೆದು ತೋರಿಸಿದ. 2000ದಲ್ಲಿ ಆ ನಿರ್ಬಂಧ ಬಹಳಷ್ಟು ಸಡಿಲವಾಯಿತು. ನಮ್ಮಲ್ಲೂ ಅದೇ ವರ್ಷ ಮಾಹಿತಿ ತಂತ್ರಜ್ಞಾನ ಕಾಯ್ದೆ ಬಂದು ಡಿಜಿಟಲ್ ರುಜುವಿಗೆ ಕಾನೂನಿನ ಬೆಲೆ ಸಿಕ್ಕಿತು. 2016ರ ಏಪ್ರಿಲ್‌ನಲ್ಲಿ ವಾಟ್ಸಾಪ್ ತನ್ನ ಸಂದೇಶಗಳಿಗೆಲ್ಲ ತುದಿಯಿಂದ ತುದಿಗೆ ಬೀಗ ಹಾಕಿತು. ಅಂದರೆ ಅಂಚೆಯವನಾದ ಕಂಪನಿಯೂ ಸಂದೇಶ ಓದಲಾಗದು.

ಗುಟ್ಟು ಎಂಬುದು ಹಕ್ಕೇ ಎಂಬ ಪ್ರಶ್ನೆ ನಮ್ಮ ಸುಪ್ರೀಂ ಕೋರ್ಟಿಗೂ ಹೋಯಿತು. ಅದನ್ನು ಒಯ್ದವರು ನಮ್ಮವರೇ. ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿಯವರು 2012ರಲ್ಲಿ, ತಮ್ಮ 86ನೇ ವಯಸ್ಸಿನಲ್ಲಿ, ಆಧಾರ್ ಯೋಜನೆಯನ್ನು ಪ್ರಶ್ನಿಸಿ ಅರ್ಜಿ ಹಾಕಿದರು. ಆ ಪ್ರಕರಣದಲ್ಲಿ 2017ರ ಆಗಸ್ಟ್ 24ರಂದು ಒಂಬತ್ತು ನ್ಯಾಯಮೂರ್ತಿಗಳು ಒಕ್ಕೊರಲಿನಿಂದ, ಖಾಸಗಿತನ ಮೂಲಭೂತ ಹಕ್ಕು ಎಂದು ತೀರ್ಪು ಕೊಟ್ಟರು. ಈ ಪಾಠ ಮಾಡುವಾಗ ನನಗೆ ಹಾಸ್ಟೆಲಿನ ಹರಿದ ಇನ್‌ಲ್ಯಾಂಡ್ ಲೆಟರುಗಳು ಕಣ್ಮುಂದೆ ಬರುತ್ತವೆ.

ಬೀಗ ಕಳ್ಳನಿಗೂ ಸಿಗುತ್ತದಲ್ಲ ಎಂದು ನೀವು ಕೇಳಬಹುದು. ಕೇಳಲೇಬೇಕಾದ ಮಾತೇ. ಮಕ್ಕಳಿಗೆ ಹಿಂಸೆ ಕೊಡುವವರು, ಸುಳ್ಳು ಸುದ್ದಿ ಹಬ್ಬಿಸಿ ಊರಿಗೆ ಬೆಂಕಿ ಹಚ್ಚುವವರು ಇದೇ ಲಕೋಟೆಯೊಳಗೆ ಅಡಗುತ್ತಾರೆ. ಸಂದೇಶವನ್ನು ಮೊದಲು ಕಳಿಸಿದವರು ಯಾರೆಂದು ಪತ್ತೆಹಚ್ಚುವ ವ್ಯವಸ್ಥೆ ಇರಬೇಕೆಂದು 2021ರಲ್ಲಿ ನಮ್ಮ ಸರ್ಕಾರ ನಿಯಮ ಮಾಡಿದಾಗ ವಾಟ್ಸಾಪ್ ದೆಹಲಿ ಹೈಕೋರ್ಟಿಗೆ ಹೋಯಿತು. ನನಗನ್ನಿಸುವುದು ಇಷ್ಟೆ. ಪೊಲೀಸರಿಗೆಂದು ಮಾಡಿದ ಹಿಂಬಾಗಿಲು ಪೊಲೀಸರಿಗಷ್ಟೇ ತೆರೆಯುತ್ತದೆ ಎಂದು ಹೇಳುವವರಾರು? ಗಣಿತಕ್ಕೆ ಒಳ್ಳೆಯವರು ಕೆಟ್ಟವರು ಎಂಬ ಭೇದ ತಿಳಿಯದು.

ಸರ್ಟಿಫಿಕೇಟಿಗೆ ರುಜು ಹಾಕುವ ಹಿರಿಯರೂ ಕೆಲವೊಮ್ಮೆ ಮೋಸ ಹೋಗುತ್ತಾರೆ. 2011ರಲ್ಲಿ ಹಾಲೆಂಡಿನ ಡಿಜಿನೋಟಾರ್ ಎಂಬ ಸಂಸ್ಥೆಯೊಳಗೆ ಯಾರೋ ನುಗ್ಗಿ ಗೂಗಲ್ ಹೆಸರಿನಲ್ಲೂ ಖೋಟಾ ಸರ್ಟಿಫಿಕೇಟ್ ಮಾಡಿಕೊಂಡರು. ಇರಾನಿನ ಲಕ್ಷಾಂತರ ಜನರ ಅಂಚೆ ಅದರಿಂದ ಬಯಲಾಗುವಂತಾಯಿತು. ಆ ಸಂಸ್ಥೆ ಅದೇ ತಿಂಗಳುಗಳಲ್ಲಿ ದಿವಾಳಿಯಾಯಿತು. ಇನ್ನು ಕ್ವಾಂಟಮ್ ಕಂಪ್ಯೂಟರ್ ದೊಡ್ಡದಾಗಿ ಬಂದರೆ ಈಗಿನ ಗಣಿತದ ಬೀಗಗಳು ಒಡೆಯುತ್ತವೆ ಎಂದು ಪೀಟರ್ ಶೋರ್ ಎಂಬ ಗಣಿತಜ್ಞ 1994ರಲ್ಲೇ ತೋರಿಸಿದ್ದಾರೆ. ಅದಕ್ಕೆ ತಡೆಯಾಗಿ ಹೊಸ ಬೀಗಗಳ ಮಾನದಂಡವನ್ನು ಅಮೆರಿಕ 2024ರ ಆಗಸ್ಟ್‌ನಲ್ಲಿ ಪ್ರಕಟಿಸಿತು.

ಇವೆಲ್ಲಕ್ಕಿಂತ ನಮ್ಮಂಥವರಿಗೆ ಮುಖ್ಯವಾದ ಮಾತು ಇನ್ನೊಂದಿದೆ. ಬಹಳ ವರ್ಷ ಬ್ರೌಸರಿನಲ್ಲಿ ವಿಳಾಸದ ಪಕ್ಕ ಪುಟ್ಟ ಬೀಗದ ಚಿತ್ರ ಇರುತ್ತಿತ್ತು. 2023ರಲ್ಲಿ ಗೂಗಲ್ ತನ್ನ ಕ್ರೋಮ್ ಬ್ರೌಸರಿನಿಂದ ಅದನ್ನು ತೆಗೆಯಿತು. ಬೀಗ ಕಂಡರೆ ಆ ಅಂಗಡಿಯೇ ನಂಬಿಕಸ್ಥ ಎಂದು ಜನ ತಪ್ಪು ತಿಳಿಯುತ್ತಿದ್ದಾರೆ ಎಂಬುದು ಅದಕ್ಕೆ ಕಾರಣ. ಬೀಗ ಹೇಳುವುದು ದಾರಿ ಭದ್ರವಾಗಿದೆ ಎಂದಷ್ಟೆ. ದಾರಿಯ ಆ ತುದಿಯ ಮನೆಯಲ್ಲಿ ಸಂಭಾವಿತರಿದ್ದಾರೋ ಕಳ್ಳರಿದ್ದಾರೋ ಅದು ಹೇಳದು. ಕಳ್ಳನ ಅಂಗಡಿಗೂ ಗಟ್ಟಿ ಬೀಗ ಇರಬಹುದು.

ನಮ್ಮ ಬೀದಿಯ ಹಿರಿಯ ಹೆಂಗಸೊಬ್ಬರು ಗಂಡನ ಪಿಂಚಣಿಯ ಹಣದಲ್ಲಿ ಬದುಕುತ್ತಿದ್ದವರು. ಬ್ಯಾಂಕಿನಿಂದ ಎಂದು ಹೇಳಿಕೊಂಡು ಯಾರೋ ಫೋನು ಮಾಡಿ, ‘ಅಮ್ಮಾ, ನಿಮ್ಮ ಮೊಬೈಲಿಗೆ ಬಂದ ನಂಬರ್ ಹೇಳಿ’ ಎಂದರು. ಅವನು ‘ಅಮ್ಮಾ’ ಎಂದನಲ್ಲ ಎಂದು ಇವರು ಹೇಳಿಬಿಟ್ಟರು. ಡಿಫಿ, ಹೆಲ್ಮನ್, ರಿವೆಸ್ಟ್ ಇವರ ಗಣಿತವೆಲ್ಲ ಆ ದಿನವೂ ತನ್ನ ಕೆಲಸ ಸರಿಯಾಗಿಯೇ ಮಾಡಿತ್ತು. ಆರುನೂರು ಅಂಕೆಗಳ ಕೋಟೆಯನ್ನು ಯಾರೂ ಒಡೆಯಲಿಲ್ಲ. ಒಡೆಯುವ ಅಗತ್ಯವೇ ಬೀಳಲಿಲ್ಲ.

ಆದ್ದರಿಂದ ಈಗ ಪೋಷಕರ ಸಭೆಗೆ ಬರುವ ತಾಯಂದಿರಿಗೆ ನಾನು ಹೇಳುವುದು ಇಷ್ಟು. ಒಡೆಯದ ಲಕೋಟೆ ನಮ್ಮ ಅಜ್ಜಿಯರಿಗೂ ಅಮ್ಮಂದಿರಿಗೂ ಸಿಗದೆ ಹೋದ ವಸ್ತು. ಒಬ್ಬ ರಾಣಿಗೂ ಸಿಗಲಿಲ್ಲ. ಎಷ್ಟೋ ಜನ ತಲೆ ಕೆಡಿಸಿಕೊಂಡು ಅದನ್ನು ನಮ್ಮ ಅಂಗೈಗೆ ತಂದಿಟ್ಟಿದ್ದಾರೆ. ಓಟಿಪಿ ಬಂದಾಗ ಅದನ್ನು ಯಾರಿಗೂ ಹೇಳಬೇಡಿ, ಮಗ ಎಂದು ಕರೆದವನಿಗೂ ಬೇಡ, ಸಾಹೇಬ ಎಂದವನಿಗೂ ಬೇಡ. ಹಾಗೆಯೇ ಬೆಳೆದ ಮಗಳ ಮೊಬೈಲನ್ನು ಅವಳಿಲ್ಲದಾಗ ತೆಗೆದು ನೋಡುವ ಮೊದಲು ಒಂದು ಗಳಿಗೆ ಯೋಚನೆ ಮಾಡಿ. ಕೇಳಿ ತಿಳಿದುಕೊಳ್ಳುವ ದಾರಿಯೂ ಇದೆ.